ಪಿಎಸ್3ರಲ್ಲಿ ಗೇಮ್ ಅಪ್‌ಡೇಟ್ ತೆಗೆಯುವ ಸರಿಯಾದ ಕ್ರಮ: ಸೇವ್ ಉಳಿಸಿಕೊಂಡು, ಡಿಎಲ್‌ಸಿ ಕಳೆದುಕೊಳ್ಳದೆ

“ಅಪ್‌ಡೇಟ್ ಡಿಲೀಟ್ ಮಾಡಿದೆ, ಗೇಮ್ ಹಾಕಿದ ತಕ್ಷಣ ಮತ್ತೆ ಅದೇ ವರ್ಷನ್ ಬಂತು.” “ಅಪ್‌ಡೇಟ್ ಹೋಯ್ತು, ಜೊತೆಗೆ ದುಡ್ಡು ಕೊಟ್ಟು ತಗೊಂಡ ಡಿಎಲ್‌ಸಿನೂ ಹೋಯ್ತು.” “ಎಲ್ಲಾ ಸರಿ ಇದೆ, ಆದ್ರೆ ಸೇವ್ ಓಪನ್ ಆಗ್ತಿಲ್ಲ.”

ಪಿಎಸ್3, ಅಂದರೆ ಸೋನಿಯ ಪ್ಲೇಸ್ಟೇಷನ್ 3 ಗೇಮ್ ಕನ್ಸೋಲ್, ಇಟ್ಟುಕೊಂಡು ಇನ್ನೂ ಆಡುತ್ತಿರುವವರು ಎಡವುವುದು ಹೆಚ್ಚಾಗಿ ಈ ಮೂರು ಕಡೆ. (ಡಿಎಲ್‌ಸಿ ಅಂದರೆ ಗೇಮಿಗೆ ಆಮೇಲೆ ಇಳಿಸಿ ಸೇರಿಸಿಕೊಳ್ಳುವ ಹೆಚ್ಚುವರಿ ಭಾಗ.) ಡಿಲೀಟ್ ಒತ್ತುವುದು ಅರ್ಧ ನಿಮಿಷದ ಕೆಲಸ. ಅದಕ್ಕೆ ಮುಂಚೆ ಏನು ಮಾಡಲಿಲ್ಲ, ಆಮೇಲೆ ಏನು ಮಾಡಿದಿರಿ ಅನ್ನುವುದರಲ್ಲೇ ಎಲ್ಲಾ ಕೆಡುತ್ತದೆ. ಹಾಗಾಗಿ ಕೆಳಗಿನ ಹಂತಗಳನ್ನು ಬರೆದ ಕ್ರಮದಲ್ಲೇ ಮಾಡಿ. ಯಾವುದನ್ನೂ ಹಾರಿಸಬೇಡಿ, ಹಿಂದುಮುಂದು ಮಾಡಬೇಡಿ.

ಮೈಕ್ರೋಸಾಫ್ಟ್‌ನ ಕನ್ಸೋಲ್ ಎಕ್ಸ್‌ಬಾಕ್ಸ್ 360 ಇರುವವರಿಗೆ ದಾರಿ ಬೇರೆ. ಅದು ಕೊನೆಯಲ್ಲಿದೆ. ಆದರೆ ಸೇವ್ ಬಗ್ಗೆ ಹೇಳಿರುವುದನ್ನು ಅವರೂ ಓದಿಕೊಳ್ಳಲಿ.

## ಶುರು ಮಾಡುವ ಮುಂಚೆ: ಯಾವುದನ್ನು ತೆಗೆಯಬೇಕು?

ಪಿಎಸ್3ರಲ್ಲಿ “ಅಪ್‌ಡೇಟ್” ಅಂತ ಜನ ಕರೆಯುವುದು ಒಂದೇ ವಸ್ತುವನ್ನಲ್ಲ. ಗೊಂದಲ ಹುಟ್ಟುವುದೇ ಇಲ್ಲಿ.

ಸಿಸ್ಟಮ್ ಸಾಫ್ಟ್‌ವೇರ್. ಕನ್ಸೋಲಿನದೇ ಸಾಫ್ಟ್‌ವೇರ್ ಇದು. 4.ರಿಂದ ಶುರುವಾಗುವ ವರ್ಷನ್ ಸಂಖ್ಯೆ ಇದರದ್ದು. ಇದನ್ನು ಹಿಂದಿನ ವರ್ಷನ್‌ಗೆ ಇಳಿಸಲು ಸೋನಿ ದಾರಿ ಕೊಟ್ಟಿಲ್ಲ. ಈ ಲೇಖನ ಅದರ ಬಗ್ಗೆ ಅಲ್ಲ.

ಗೇಮ್ ಡೇಟಾ. ಡಿಸ್ಕ್ ಹಾಕಿದಾಗ “ಇನ್‌ಸ್ಟಾಲ್ ಆಗ್ತಿದೆ” ಅಂತ ಕಾಯಿಸುತ್ತದಲ್ಲ, ಆ ಫೈಲುಗಳು. ನೆಟ್‌ನಿಂದ ಇಳಿದ ಗೇಮ್ ಅಪ್‌ಡೇಟ್. ಹಲವು ಗೇಮ್‌ಗಳಲ್ಲಿ ಡಿಎಲ್‌ಸಿ ಕೂಡ. ಇವೆಲ್ಲ ಇರುವುದು ಗೇಮ್ ಡೇಟಾ ಯುಟಿಲಿಟಿ ಅನ್ನುವ ಫೋಲ್ಡರಿನಲ್ಲಿ. ನಮ್ಮ ಕೆಲಸ ಇಲ್ಲಿ.

ಸೇವ್ ಡೇಟಾ. ನೀವು ಆಡಿ ಮುಗಿಸಿದ್ದರ ದಾಖಲೆ. ಇದು ಸೇವ್ಡ್ ಡೇಟಾ ಯುಟಿಲಿಟಿ ಅನ್ನುವ ಬೇರೆ ಫೋಲ್ಡರಿನಲ್ಲಿರುತ್ತದೆ. ಎರಡೂ ಫೋಲ್ಡರ್ ಪಿಎಸ್3 ಮೆನುವಿನ ಗೇಮ್ ಕಾಲಮ್‌ನಲ್ಲಿ ಹತ್ತಿರ ಹತ್ತಿರವೇ ಕೂತಿರುತ್ತವೆ, ಹೆಸರೂ ಹೆಚ್ಚುಕಮ್ಮಿ ಒಂದೇ ಥರ ಕೇಳಿಸುತ್ತದೆ. ಅವಸರದಲ್ಲಿ ತಪ್ಪು ಫೋಲ್ಡರ್ ತೆರೆದು ಡಿಲೀಟ್ ಒತ್ತಿದವರು ಕಡಿಮೆ ಜನ ಅಲ್ಲ.

ಟ್ರೋಫಿಗಳಿಗೆ, ಅಂದರೆ ಆಟದಲ್ಲಿ ಸಾಧಿಸಿದ್ದಕ್ಕೆ ಸಿಗುವ ಪದಕಗಳಿಗೆ, ಬೇರೆಯೇ ಜಾಗ ಇದೆ. ಗೇಮ್ ಡೇಟಾ ತೆಗೆದರೆ ಗಳಿಸಿದ ಟ್ರೋಫಿ ಹೋಗುವುದಿಲ್ಲ.

ಇನ್ನೊಂದು ವಿಷಯ ಈಗಲೇ ತಿಳಿದಿರಲಿ. ಅಪ್‌ಡೇಟ್ ಒಂದನ್ನೇ ಬಿಡಿಸಿ ತೆಗೆಯಲು ಆಗುವುದು ಡಿಸ್ಕ್ ಗೇಮ್‌ಗಳಲ್ಲಿ ಮಾತ್ರ. ಸೋನಿಯ ಆನ್‌ಲೈನ್ ಅಂಗಡಿ ಪ್ಲೇಸ್ಟೇಷನ್ ಸ್ಟೋರ್‌ನಿಂದ ಇಳಿಸಿಕೊಂಡ ಗೇಮ್ ಆದರೆ ಅಪ್‌ಡೇಟ್ ಗೇಮಿನೊಳಗೇ ಸೇರಿಹೋಗಿರುತ್ತದೆ. ಅಲ್ಲಿ ಪೂರ್ತಿ ಗೇಮ್ ಅಳಿಸಿ ಮತ್ತೆ ಇಳಿಸಿಕೊಳ್ಳುವುದೊಂದೇ ದಾರಿ. ಅದನ್ನು 6ನೇ ಹಂತದಲ್ಲಿ ಹೇಳಿದ್ದೇನೆ.

## ನಿಜವಾಗಿಯೂ ತೆಗೆಯಬೇಕಾ?

ತೆಗೆಯಲು ಒಳ್ಳೆ ಕಾರಣಗಳಿವೆ. ಅಪ್‌ಡೇಟ್ ಅರ್ಧಕ್ಕೆ ನಿಂತು ಕೆಟ್ಟಿರಬಹುದು. ಪಿಎಸ್3ರ 12 ಜಿಬಿಯ ಸೂಪರ್ ಸ್ಲಿಮ್ ಮಾಡೆಲ್ ಇದ್ದರೆ ಜಾಗ ಸಾಲುವುದೇ ಇಲ್ಲ. ಡಿಸ್ಕ್‌ನಲ್ಲಿ ಬಂದ ಮೊದಲ ವರ್ಷನ್‌ನಲ್ಲೇ ಆಡಬೇಕು ಅನ್ನುವ ಸ್ಪೀಡ್‌ರನ್ (ಗೇಮನ್ನು ಆದಷ್ಟು ಬೇಗ ಮುಗಿಸುವ) ಹುಚ್ಚು ಕೆಲವರಿಗೆ. ಕೆಲವೊಮ್ಮೆ ಅಪ್‌ಡೇಟೇ ಗೇಮ್ ಕೆಡಿಸುತ್ತದೆ. 2011ರ ನವೆಂಬರ್ ಕೊನೆಯಲ್ಲಿ ಸ್ಕೈರಿಮ್ ಅನ್ನುವ ಗೇಮ್‌ಗೆ 1.2 ಅಪ್‌ಡೇಟ್ ಬಂದಾಗ ಡ್ರ್ಯಾಗನ್‌ಗಳು ಹಿಮ್ಮುಖವಾಗಿ ಹಾರತೊಡಗಿದವು. ಬೆಂಕಿ, ಹಿಮದ ಏಟು ತಡೆಯುವ ಶಕ್ತಿ ಕೆಲಸ ಮಾಡುವುದು ನಿಂತಿತು. ಮುಂದಿನ ಅಪ್‌ಡೇಟ್ ಬರುವ ತನಕ ಅಪ್‌ಡೇಟ್ ಅಳಿಸಿ, ನೆಟ್ ಕಿತ್ತು ಆಡಿದವರು ಆಗ ಬಹಳ ಮಂದಿ.

ತೆಗೆಯಬಾರದ ಸಂದರ್ಭವೂ ಇದೆ. ಆನ್‌ಲೈನ್ ಆಡುವವರು ತೆಗೆದು ಪ್ರಯೋಜನವಿಲ್ಲ. ಹೊಸ ವರ್ಷನ್ ಇಲ್ಲದೆ ಒಳಗೆ ಬಿಡುವುದಿಲ್ಲ. ಕೆಲವು ಗೇಮ್‌ಗಳಿಗೆ ಟ್ರೋಫಿ ಬಂದಿದ್ದೇ ಅಪ್‌ಡೇಟ್ ಮೂಲಕ. ಮೆಟಲ್ ಗೇರ್ ಸಾಲಿಡ್ 4ಕ್ಕೆ ಟ್ರೋಫಿ ಸೇರಿಸಿದ್ದು 2012ರ ಆಗಸ್ಟ್‌ನ ಅಪ್‌ಡೇಟ್. ಅದನ್ನು ತೆಗೆದು ಆಡಿದರೆ ಹೊಸ ಟ್ರೋಫಿ ಬರುವುದಿಲ್ಲ.

ಇನ್ನು ಮಧ್ಯದ ವರ್ಷನ್ ಕೇಳುವವರು. 1.08 ಬೇಡ, 1.04 ಸಾಕು ಅಂದರೆ ಮೆನುವಿನಲ್ಲಿ ಅದಕ್ಕೆ ಆಯ್ಕೆಯೇ ಇಲ್ಲ. ಡಿಸ್ಕ್‌ನಲ್ಲಿ ಇರುವುದು, ಇಲ್ಲವೇ ಕೊನೆಯದು. ಇವೆರಡೇ.

## ಬೇಕಾಗುವ ಸಾಮಾನು

- ಆ ಗೇಮಿನ ಡಿಸ್ಕ್, ಗೀರು ಇಲ್ಲದೆ ಸರಿಯಾಗಿ ಓದುವಂಥದ್ದು. ಡಿಸ್ಕ್ ಓದದಿದ್ದರೆ ಅಳಿಸಿದ ಇನ್‌ಸ್ಟಾಲ್ ಫೈಲು ವಾಪಸ್ ಬರುವುದಿಲ್ಲ.
- ಫ್ಯಾಟ್32 ಫಾರ್ಮ್ಯಾಟಿನ ಪೆನ್‌ಡ್ರೈವ್. ಪಿಎಸ್3ಗೆ ಎಕ್ಸ್‌ಫ್ಯಾಟ್ ಗೊತ್ತಿಲ್ಲ, ಎನ್‌ಟಿಎಫ್‌ಎಸ್ ಗೊತ್ತಿಲ್ಲ. ಈಗ ಅಂಗಡಿಯಲ್ಲಿ ಸಿಗುವ 64 ಜಿಬಿ ಮತ್ತು ಅದಕ್ಕಿಂತ ದೊಡ್ಡವು ಸಾಮಾನ್ಯವಾಗಿ ಎಕ್ಸ್‌ಫ್ಯಾಟ್‌ನಲ್ಲೇ ಬರುತ್ತವೆ. ಮನೆಯಲ್ಲಿ ಬಿದ್ದಿರುವ ಹಳೇ 8 ಅಥವಾ 16 ಜಿಬಿ ಪೆನ್‌ಡ್ರೈವ್ ಈ ಕೆಲಸಕ್ಕೆ ಅದಕ್ಕಿಂತ ವಾಸಿ.
- ಕಂಟ್ರೋಲರ್ ಮತ್ತು ಅದರ ಯುಎಸ್‌ಬಿ ಕೇಬಲ್. ಸೇಫ್ ಮೋಡ್‌ಗೆ (ಕನ್ಸೋಲ್ ರಿಪೇರಿಗೆಂದೇ ಇರುವ ಮೆನು, ಹಂತ 7) ಹೋಗಬೇಕಾಗಿ ಬಂದರೆ ಕೇಬಲ್ ಬೇಕೇ ಬೇಕು.
- ಕರೆಂಟ್. ಇದನ್ನು ತಮಾಷೆಗೆ ಬರೆದಿಲ್ಲ. ಅಳಿಸುವಾಗ ಅಥವಾ ಕಾಪಿ ಆಗುವಾಗ ಕರೆಂಟ್ ಹೋದರೆ ಹಾರ್ಡ್ ಡಿಸ್ಕ್‌ನ ಲೆಕ್ಕ ತಪ್ಪುತ್ತದೆ. ಮಳೆಗಾಲದ ಸಂಜೆ, ಲೋಡ್ ಶೆಡ್ಡಿಂಗ್ ಹೊತ್ತಲ್ಲಿ ಇದಕ್ಕೆ ಕೈಹಾಕಬೇಡಿ. ಯುಪಿಎಸ್ ಇದ್ದರೆ ಅದಕ್ಕೇ ಚುಚ್ಚಿ.

## ಹಂತ 1: ಸೇವ್ ಕಾಪಿ ತೆಗೆದಿಡಿ

ಪೆನ್‌ಡ್ರೈವ್ ಹಾಕಿ. ಮೆನುವಿನ ಗೇಮ್ ಕಾಲಮ್‌ನಲ್ಲಿ ಸೇವ್ಡ್ ಡೇಟಾ ಯುಟಿಲಿಟಿ ತೆರೆಯಿರಿ. ನಿಮ್ಮ ಗೇಮಿನ ಸೇವ್ ಮೇಲೆ ನಿಂತು ಟ್ರಯಾಂಗಲ್ ಬಟನ್ ಒತ್ತಿ. ಬಲಗಡೆ ತೆರೆಯುವ ಪಟ್ಟಿಯಲ್ಲಿ ಕಾಪಿ ಆರಿಸಿ, ಯುಎಸ್‌ಬಿ ಡಿವೈಸ್ ತೋರಿಸಿ.

ಮುಗಿದ ಮೇಲೆ ಹಾಗೇ ನಂಬಬೇಡಿ. ಅದೇ ಫೋಲ್ಡರಿನಲ್ಲಿ ಮೇಲ್ಗಡೆ ಯುಎಸ್‌ಬಿ ಡಿವೈಸ್‌ನ ಗುರುತು ಕಾಣುತ್ತದೆ. ಅದರೊಳಗೆ ಹೋಗಿ ಸೇವ್ ಕೂತಿದೆಯಾ ನೋಡಿ. ಕಂಪ್ಯೂಟರಿಗೆ ಹಾಕಿ ನೋಡುವುದಾದರೆ ಪಿಎಸ್3 ಅನ್ನುವ ಫೋಲ್ಡರಿನ ಒಳಗೆ ಸೇವ್‌ಡೇಟಾ ಅಂತ ಇನ್ನೊಂದು ಫೋಲ್ಡರ್ ಇರಬೇಕು.

ಎರಡು ಕಡೆ ಜನ ಸಿಕ್ಕಿಬೀಳುತ್ತಾರೆ.

ಮೊದಲನೆಯದು, ಯೂಸರ್ ವಿಷಯ. ಸೇವ್ ಆಯಾ ಯೂಸರ್‌ಗೆ ಸೇರಿದ್ದು. ಗೇಮ್ ಡೇಟಾ ಮಾತ್ರ ಇಡೀ ಕನ್ಸೋಲಿಗೆ ಒಂದೇ. ಮನೆಯಲ್ಲಿ ಅಣ್ಣ ಒಂದು ಯೂಸರ್, ತಂಗಿ ಒಂದು ಯೂಸರ್ ಮಾಡಿಕೊಂಡಿದ್ದರೆ ಅಣ್ಣ ಅಪ್‌ಡೇಟ್ ತೆಗೆದಾಗ ತಂಗಿಗೂ ಹಳೇ ವರ್ಷನ್ನೇ ಸಿಗುತ್ತದೆ. ಅವಳ ಸೇವ್ ಕಾಪಿ ಯಾರೂ ತೆಗೆದಿರುವುದಿಲ್ಲ. ಹಾಗಾಗಿ ಪ್ರತಿ ಯೂಸರ್‌ನಲ್ಲೂ ಲಾಗಿನ್ ಆಗಿ, ಒಂದೊಂದಾಗಿ ಕಾಪಿ ಮಾಡಿ.

ಎರಡನೆಯದು, ಬೀಗ ಹಾಕಿದ ಸೇವ್. ಕೆಲವು ಗೇಮ್‌ಗಳ ಸೇವ್ ಪೆನ್‌ಡ್ರೈವ್‌ಗೆ ಕಾಪಿ ಆಗುವುದಿಲ್ಲ. ಕಾಪಿ ಮಾಡಲು ಬಿಡುವುದಿಲ್ಲ ಅಂತ ಪರದೆ ಹೇಳುತ್ತದೆ. ಇದು ಪೆನ್‌ಡ್ರೈವ್ ತಪ್ಪಲ್ಲ, ಗೇಮ್ ಮಾಡಿದವರೇ ಹಾಗೆ ಇಟ್ಟಿರುತ್ತಾರೆ. ಇದಕ್ಕೆ ಸೆಟ್ಟಿಂಗ್ಸ್‌ನ ಸಿಸ್ಟಮ್ ಸೆಟ್ಟಿಂಗ್ಸ್‌ನಲ್ಲಿ ಬ್ಯಾಕಪ್ ಯುಟಿಲಿಟಿ ಇದೆ. ಅದು ಇಡೀ ಹಾರ್ಡ್ ಡಿಸ್ಕ್ ಅನ್ನು ಹೊರಗಿನ ಡ್ರೈವ್‌ಗೆ ಇಳಿಸುತ್ತದೆ. ಹಾಗೆ ತೆಗೆದ ಬೀಗದ ಸೇವ್ ವಾಪಸ್ ಬರುವುದು ಅದೇ ಕನ್ಸೋಲಿಗೆ ಮಾತ್ರ. ಜೊತೆಗೆ, ಬ್ಯಾಕಪ್ ವಾಪಸ್ ಹಾಕುವಾಗ ಕನ್ಸೋಲಿನಲ್ಲಿ ಆಗ ಇರುವುದೆಲ್ಲ ಅಳಿಸಿಹೋಗುತ್ತದೆ. ಒಂದು ಸೇವ್ ಉಳಿಸಲು ಹೋಗಿ ಈಚಿನ ಬೇರೆ ಸೇವ್‌ಗಳನ್ನು ಕಳೆದುಕೊಳ್ಳಬೇಡಿ.

## ಹಂತ 2: ಡಿಎಲ್‌ಸಿ ಪಟ್ಟಿ ಮಾಡಿಕೊಳ್ಳಿ

ಜನ ಯೋಚನೆಯನ್ನೇ ಮಾಡದ ಹಂತ ಇದು. ಹಲವು ಗೇಮ್‌ಗಳಲ್ಲಿ ಡಿಎಲ್‌ಸಿ ಮತ್ತು ಅಪ್‌ಡೇಟ್ ಒಂದೇ ಫೋಲ್ಡರಿನಲ್ಲಿ ಕೂರುತ್ತವೆ. ಪಟ್ಟಿಯಲ್ಲಿ ಕಾಣುವುದು ಒಂದೇ ಐಕಾನ್. ಅದನ್ನು ಅಳಿಸಿದರೆ ಎರಡೂ ಹೋಗುತ್ತವೆ. ಮುಂಚೆ ಎಚ್ಚರಿಕೆ ಏನೂ ಬರುವುದಿಲ್ಲ.

ಹಾಗಾಗಿ ಗೇಮ್ ಒಳಗೆ ಹೋಗಿ ಯಾವ ಡಿಎಲ್‌ಸಿ ಇದೆ ಅಂತ ಒಂದು ಚೀಟಿಯಲ್ಲಿ ಬರೆದುಕೊಳ್ಳಿ. ಆಮೇಲೆ ಪ್ಲೇಸ್ಟೇಷನ್ ಸ್ಟೋರ್‌ಗೆ ಹೋಗಿ ಡೌನ್‌ಲೋಡ್ ಲಿಸ್ಟ್‌ನಲ್ಲಿ ಅವೆಲ್ಲ ಇವೆಯಾ ನೋಡಿ. ಇದ್ದರೆ ಅಳಿಸಿದರೂ ವಾಪಸ್ ಇಳಿಸಿಕೊಳ್ಳಬಹುದು. ಇಲ್ಲದಿದ್ದರೆ ನಿಲ್ಲಿಸಿ, ಮುಂದೆ ಹೋಗಬೇಡಿ.

ಸೆಕೆಂಡ್ ಹ್ಯಾಂಡ್ ಕನ್ಸೋಲ್ ತಗೊಂಡವರು ಇಲ್ಲಿ ಹೆಚ್ಚು ಹುಷಾರಾಗಿರಬೇಕು. ಬೆಂಗಳೂರಿನ ನ್ಯಾಷನಲ್ ಮಾರ್ಕೆಟ್ಟಿನಲ್ಲೋ ಪರಿಚಯದವರ ಹತ್ತಿರವೋ ಕೊಂಡ ಪಿಎಸ್3ರಲ್ಲಿ ಹಳೇ ಮಾಲೀಕರ ಅಕೌಂಟಿನ ಡಿಎಲ್‌ಸಿ ಇರಬಹುದು. ಅದು ನಿಮ್ಮ ಡೌನ್‌ಲೋಡ್ ಲಿಸ್ಟ್‌ನಲ್ಲಿ ಇರುವುದಿಲ್ಲ. ಅಳಿಸಿದರೆ ಹೋಯ್ತು ಅಂತಲೇ ಲೆಕ್ಕ.

ಪಿಎಸ್3ರ ಸ್ಟೋರ್ ಶಾಶ್ವತ ಅಂತ ಕೂಡ ಅಂದುಕೊಳ್ಳಬೇಡಿ. 2021ರಲ್ಲಿ ಅದನ್ನು ಮುಚ್ಚುತ್ತೇವೆ ಅಂತ ಸೋನಿ ಘೋಷಿಸಿತ್ತು. ಗೇಮರ್‌ಗಳು ಗಲಾಟೆ ಮಾಡಿದ ಮೇಲೆ ಹಿಂದೆ ಸರಿಯಿತು. ಗೇಮ್ ಡೇಟಾಗೆ ಸೇವ್ ಥರ ಪೆನ್‌ಡ್ರೈವ್‌ಗೆ ಕಾಪಿ ಮಾಡುವ ಆಯ್ಕೆ ಇಲ್ಲ. ಬಹಳ ಬೇಕಾದ ಡಿಎಲ್‌ಸಿ ಇದ್ದರೆ ಬ್ಯಾಕಪ್ ಯುಟಿಲಿಟಿಯಿಂದ ಪೂರ್ತಿ ಬ್ಯಾಕಪ್ ತೆಗೆದುಕೊಂಡೇ ಮುಂದೆ ಹೋಗಿ.

## ಹಂತ 3: ನೆಟ್ ಕಿತ್ತುಹಾಕಿ

ಇದು ಡಿಲೀಟ್‌ಗೆ ಮುಂಚೆ, ಆಮೇಲೆ ಅಲ್ಲ. ನೆಟ್ ಇದ್ದಾಗ ಡಿಸ್ಕ್ ಗೇಮ್ ಶುರು ಮಾಡಿದರೆ ಪಿಎಸ್3 ಮೊದಲು ಮಾಡುವ ಕೆಲಸವೇ ಅಪ್‌ಡೇಟ್ ಇದೆಯಾ ಅಂತ ಕೇಳುವುದು. ಅಭ್ಯಾಸ ಬಲದಿಂದ ಹೆಬ್ಬೆರಳು ಯೆಸ್ ಒತ್ತಿರುತ್ತದೆ. “ಮತ್ತೆ ಬಂತು” ಅನ್ನುವ ದೂರಿನಲ್ಲಿ ಮುಕ್ಕಾಲುಪಾಲು ಇದೇ ಕಥೆ.

1. ಸೆಟ್ಟಿಂಗ್ಸ್ ಕಾಲಮ್‌ನಲ್ಲಿ ನೆಟ್‌ವರ್ಕ್ ಸೆಟ್ಟಿಂಗ್ಸ್‌ಗೆ ಹೋಗಿ.
2. ಇಂಟರ್ನೆಟ್ ಕನೆಕ್ಷನ್ ಆರಿಸಿ, ಡಿಸೇಬಲ್ಡ್ ಮಾಡಿ.
3. ಲ್ಯಾನ್ ಕೇಬಲ್ ಇದ್ದರೆ ಕಿತ್ತುಬಿಡಿ. ಸೆಟ್ಟಿಂಗ್ ಬದಲಿಸಿದ್ದೇ ಸಾಕು, ಆದರೂ ಮನಸ್ಸಿಗೆ ನೆಮ್ಮದಿ.
4. ಸಿಸ್ಟಮ್ ಸೆಟ್ಟಿಂಗ್ಸ್‌ನಲ್ಲಿ ಆಟೋಮ್ಯಾಟಿಕ್ ಅಪ್‌ಡೇಟ್ ಆನ್ ಇದ್ದರೆ ಆಫ್ ಮಾಡಿ. ಮುಂದೆ ನೆಟ್ ಹಾಕಿದ ದಿನ ಕನ್ಸೋಲ್ ತಾನೇ ಎದ್ದು ಅಪ್‌ಡೇಟ್ ಇಳಿಸಿಕೊಂಡು ಕೂತಿರಬಾರದು, ಅಲ್ವಾ?
5. ನೆಟ್‌ವರ್ಕ್ ಕಾಲಮ್‌ನ ಡೌನ್‌ಲೋಡ್ ಮ್ಯಾನೇಜ್‌ಮೆಂಟ್ ತೆರೆದು ನೋಡಿ. ಅದೇ ಗೇಮಿನ ಡೌನ್‌ಲೋಡ್ ಅರ್ಧಕ್ಕೆ ನಿಂತಿದ್ದರೆ ರದ್ದು ಮಾಡಿ.

ಮನೆಯ ರೌಟರ್ ಆಫ್ ಮಾಡಿದರೆ ಸಾಲದಾ ಅಂತ ಕೇಳುವವರಿಗೆ: ಸಾಲುತ್ತದೆ, ಮನೆಯಲ್ಲಿ ಯಾರಾದರೂ ಅದನ್ನು ವಾಪಸ್ ಆನ್ ಮಾಡುವ ತನಕ.

## ಹಂತ 4: ಸರಿಯಾದ ಐಕಾನ್ ಗುರುತಿಸಿ, ಅಳಿಸಿ

ಈಗ ಗೇಮ್ ಡೇಟಾ ಯುಟಿಲಿಟಿ ತೆರೆಯಿರಿ. ಅಳಿಸುವ ಮುಂಚೆ ಒಂದು ನಿಮಿಷ ಪಟ್ಟಿಯನ್ನು ಸರಿಯಾಗಿ ನೋಡಿ.

ಒಂದೇ ಗೇಮಿಗೆ ಎರಡು ಸಾಲು ಇರಬಹುದು. ಚಿತ್ರ ಒಂದೇ, ಹೆಸರೂ ಒಂದೇ. ಮೊದಲನೆಯದರ ಮೇಲೆ ನಿಂತು ಟ್ರಯಾಂಗಲ್ ಒತ್ತಿ ಇನ್ಫರ್ಮೇಷನ್ ತೆರೆದರೆ ಗಾತ್ರ ಹಲವು ಜಿಬಿ, ತಾರೀಖು ನೀವು ಡಿಸ್ಕ್ ಮೊದಲ ಸಲ ಹಾಕಿದ ದಿನದ್ದು. ಇದು ಡಿಸ್ಕ್‌ನಿಂದ ಇನ್‌ಸ್ಟಾಲ್ ಆದ ಫೈಲು. ಎರಡನೆಯದನ್ನು ತೆರೆದರೆ ಗಾತ್ರ ಕೆಲವು ನೂರು ಎಂಬಿ, ತಾರೀಖು ಅದಕ್ಕಿಂತ ಈಚಿನದು. ಅದೇ ಅಪ್‌ಡೇಟ್. ನಿಮಗೆ ಬೇಕಾಗಿರುವುದು ಎರಡನೆಯದು.

ಒಂದೇ ಸಾಲು ಇದ್ದರೆ ಎಲ್ಲಾ ಒಂದರಲ್ಲೇ ಸೇರಿದೆ ಅಂತ ಅರ್ಥ. ಆಗ ಇನ್‌ಸ್ಟಾಲ್ ಫೈಲು, ಅಪ್‌ಡೇಟ್, ಕೆಲವೊಮ್ಮೆ ಡಿಎಲ್‌ಸಿ ಒಟ್ಟಿಗೇ ಹೋಗುತ್ತವೆ. ಬೇರೆ ದಾರಿ ಇಲ್ಲ.

ಇನ್ನೊಂದು ಕಾರಣಕ್ಕೂ ಎರಡು ಸಾಲು ಬರಬಹುದು. ಡಿಸ್ಕ್ ಕವರಿನ ಬೆನ್ನಿನ ಮೇಲೆ ಒಂದು ಕೋಡ್ ಇರುತ್ತದೆ. ಬಿಎಲ್‌ಇಎಸ್ ಅಂತ ಇದ್ದರೆ ಯುರೋಪಿನ ಡಿಸ್ಕ್, ಬಿಎಲ್‌ಯುಎಸ್ ಅಂತ ಇದ್ದರೆ ಅಮೆರಿಕದ್ದು. ಅಪ್‌ಡೇಟ್ ಸೇರುವುದು ಆ ಕೋಡಿಗೆ. ಸ್ನೇಹಿತರ ಅಮೆರಿಕದ ಡಿಸ್ಕ್ ಒಮ್ಮೆ ಹಾಕಿ ಆಡಿದ್ದರೆ ಅದರ ಗೇಮ್ ಡೇಟಾ ಬೇರೆಯಾಗಿಯೇ ಉಳಿದಿರುತ್ತದೆ. ಅದನ್ನು ಅಳಿಸಿ “ವರ್ಷನ್ ಬದಲಾಗಲೇ ಇಲ್ಲ” ಅಂದರೆ ಹೇಗೆ? ಅಳಿಸಿದ್ದು ಬೇರೆ ಡಿಸ್ಕ್‌ನ ಡೇಟಾ.

ಖಚಿತವಾದ ಮೇಲೆ:

1. ಸರಿಯಾದ ಸಾಲಿನ ಮೇಲೆ ನಿಲ್ಲಿ.
2. ಟ್ರಯಾಂಗಲ್ ಒತ್ತಿ, ಡಿಲೀಟ್ ಆರಿಸಿ.
3. ಖಚಿತಪಡಿಸಲು ಕೇಳಿದಾಗ ಗೇಮಿನ ಹೆಸರು ಇನ್ನೊಮ್ಮೆ ಓದಿ, ಯೆಸ್ ಒತ್ತಿ.
4. ಪರದೆ ತಾನಾಗಿಯೇ ಪಟ್ಟಿಗೆ ವಾಪಸ್ ಬರುವ ತನಕ ಏನನ್ನೂ ಮುಟ್ಟಬೇಡಿ. ದೊಡ್ಡ ಫೈಲಾದರೆ ಸ್ವಲ್ಪ ಹೊತ್ತು ಹಿಡಿಯುತ್ತದೆ. ನಿಂತುಹೋಯಿತು ಅಂದುಕೊಂಡು ಪವರ್ ಬಟನ್ ಒತ್ತಿದರೆ ಆಮೇಲಿನ ತಲೆನೋವು ನಿಮ್ಮದೇ.

ಕೆಲಸ ಆಯಿತಾ ಅಂತ ನೋಡಲು ಸಿಸ್ಟಮ್ ಸೆಟ್ಟಿಂಗ್ಸ್‌ನ ಸಿಸ್ಟಮ್ ಇನ್ಫರ್ಮೇಷನ್ ತೆರೆಯಿರಿ. ಖಾಲಿ ಜಾಗದ ಲೆಕ್ಕ ಅಲ್ಲಿ ಇರುತ್ತದೆ. ಮೊದಲೇ ಒಮ್ಮೆ ನೋಡಿಟ್ಟುಕೊಂಡಿದ್ದರೆ ಎಷ್ಟು ಜಾಗ ಬಿಟ್ಟಿತು ಅಂತ ತಕ್ಷಣ ಗೊತ್ತಾಗುತ್ತದೆ.

ಬರೀ ಜಾಗಕ್ಕೋಸ್ಕರ ಅಳಿಸುವವರಿಗೆ ಒಂದು ಮಾತು. ಇನ್‌ಸ್ಟಾಲ್ ಫೈಲು ಅಳಿಸಿದರೆ ಗೇಮ್ ಮುಂದಿನ ಸಲ ಅದನ್ನು ಡಿಸ್ಕ್‌ನಿಂದ ಮತ್ತೆ ಬರೆದುಕೊಳ್ಳುತ್ತದೆ. ಡೆವಿಲ್ ಮೇ ಕ್ರೈ 4 ಹತ್ತಿರಹತ್ತಿರ 5 ಜಿಬಿ ಬರೆದುಕೊಳ್ಳುತ್ತದೆ, ಅದಕ್ಕೆ ಸುಮಾರು 20 ನಿಮಿಷ ಬೇಕು. ಈಗ ಆಡುತ್ತಿರುವ ಗೇಮಿನದನ್ನು ಅಳಿಸಿ ಏನೂ ಉಳಿಯುವುದಿಲ್ಲ. ಮುಗಿಸಿ ಪೆಟ್ಟಿಗೆಗೆ ಹಾಕಿದ ಗೇಮ್‌ಗಳದ್ದು ಅಳಿಸಿ.

## ಹಂತ 5: ಮೊದಲ ಸಲ ಶುರು ಮಾಡುವಾಗ

ಗೇಮ್ ತಲೆಕೆಳಗಾಗುವುದು ಹೆಚ್ಚಾಗಿ ಇಲ್ಲೇ. ನೆಟ್ ಇನ್ನೂ ಆಫ್ ಇರಲಿ.

ಡಿಸ್ಕ್ ಹಾಕಿ, ಗೇಮ್ ಶುರು ಮಾಡಿ. ಇನ್‌ಸ್ಟಾಲ್ ಕೇಳಿದರೆ ಆಗಲಿ ಬಿಡಿ. ಹಲವು ಗೇಮ್‌ಗಳು ಟೈಟಲ್ ಪರದೆಯ ಮೂಲೆಯಲ್ಲಿ ವರ್ಷನ್ ಸಂಖ್ಯೆ ತೋರಿಸುತ್ತವೆ. ಅದು 1.00 ಇದ್ದರೆ ನೀವು ಡಿಸ್ಕ್‌ನ ವರ್ಷನ್‌ನಲ್ಲಿದ್ದೀರಿ. 1.00 ಅಲ್ಲದಿದ್ದರೂ ಗಾಬರಿ ಬೇಡ. ಗೇಮ್ ಆಫ್ ದಿ ಇಯರ್ ಥರದ ಆಮೇಲಿನ ಆವೃತ್ತಿಗಳಲ್ಲಿ ಹಳೇ ಅಪ್‌ಡೇಟ್‌ಗಳು ಡಿಸ್ಕ್ ಒಳಗೇ ಸೇರಿರುತ್ತವೆ. ಅವನ್ನು ತೆಗೆಯಲು ಆಗುವುದಿಲ್ಲ. ಮೊದಲ ವರ್ಷನ್ನೇ ಬೇಕು ಅಂದರೆ ಮೊದಲ ಮುದ್ರಣದ ಡಿಸ್ಕ್ ಹುಡುಕಬೇಕು.

ಈಗ ಮುಖ್ಯ ಮಾತು: ಕಂಟಿನ್ಯೂ ಒತ್ತಬೇಡಿ. ಮೊದಲು ನ್ಯೂ ಗೇಮ್ ಒತ್ತಿ, ಬೇರೆ ಸ್ಲಾಟ್‌ನಲ್ಲಿ ಐದು ನಿಮಿಷ ಆಡಿ ನೋಡಿ.

ಕಾರಣ ಇದು. ಹೊಸ ವರ್ಷನ್‌ನಲ್ಲಿ ಮಾಡಿದ ಸೇವ್ ಹಳೇ ವರ್ಷನ್‌ಗೆ ಅರ್ಥವಾಗಬೇಕು ಅಂತೇನಿಲ್ಲ. ಕೆಲವು ಗೇಮ್ ನೇರವಾಗಿ “ಈ ಸೇವ್ ಆಗಲ್ಲ” ಅನ್ನುತ್ತವೆ. ಅವು ಒಳ್ಳೆಯವು. ಕೆಟ್ಟವು ಏನೂ ಹೇಳದೆ ಸೇವ್ ತೆರೆಯುತ್ತವೆ, ಅರ್ಥವಾಗದ ಭಾಗ ಬಿಟ್ಟುಬಿಡುತ್ತವೆ, ಮುಂದಿನ ಬಾಗಿಲು ದಾಟಿದ ಕೂಡಲೇ ಆಟೋಸೇವ್ ಅದರ ಮೇಲೇ ಬರೆದುಬಿಡುತ್ತದೆ. ಆಮೇಲೆ ಅಪ್‌ಡೇಟ್ ವಾಪಸ್ ಹಾಕಿದರೂ ಹೋದದ್ದು ಬರುವುದಿಲ್ಲ. ಹಂತ 1ರಲ್ಲಿ ತೆಗೆದ ಪೆನ್‌ಡ್ರೈವ್ ಆಗ ನಿಮ್ಮನ್ನು ಕಾಪಾಡುತ್ತದೆ.

ಒಂದೇ ಆಟೋಸೇವ್ ಸ್ಲಾಟ್ ಇರುವ ಗೇಮ್ ಆದರೆ ನ್ಯೂ ಗೇಮ್ ಒತ್ತಿದರೂ ಅದು ಹಳೆಯದರ ಮೇಲೆ ಬರೆಯುತ್ತದೆ. ಅಂಥ ಗೇಮ್‌ಗೆ ಪಿಎಸ್3ರಲ್ಲಿ ಇನ್ನೊಂದು ಹೊಸ ಯೂಸರ್ ಮಾಡಿಕೊಂಡು ಅದರಲ್ಲಿ ಪರೀಕ್ಷೆ ಮಾಡಿ. ಮುಗಿದ ಮೇಲೆ ಆ ಯೂಸರ್ ಅಳಿಸಿದರಾಯಿತು.

ಸೇವ್ ಸರಿಯಾಗಿ ತೆರೆಯುತ್ತಿಲ್ಲ ಅನ್ನುವ ಸೂಚನೆಗಳು: ಸಾಮಾನಿನ ಪಟ್ಟಿಯಲ್ಲಿ ಖಾಲಿ ಜಾಗ, ಡಿಎಲ್‌ಸಿಯಿಂದ ಬಂದ ವಸ್ತು ಮಾಯ, ಲೋಡಿಂಗ್ ಪರದೆಯಲ್ಲೇ ನಿಲ್ಲುವುದು, ಸೇವ್ ಮಾಡುವಾಗ ಆಟ ಜಾಸ್ತಿ ಎಳೆಯುವುದು. ಇವುಗಳಲ್ಲಿ ಒಂದು ಕಂಡರೂ ಸೇವ್ ಮಾಡದೆ ಪಿಎಸ್ ಬಟನ್ ಒತ್ತಿ ಹೊರಗೆ ಬನ್ನಿ.

ಎಲ್ಲಾ ಸರಿ ಇದ್ದರೆ ಆಡಿ. ಮುಂದೆ ಯಾವತ್ತಾದರೂ ನೆಟ್ ಹಾಕಿ ಅದೇ ಡಿಸ್ಕ್ ಶುರು ಮಾಡಿದಾಗ ಅಪ್‌ಡೇಟ್ ಬೇಕಾ ಅಂತ ಕೇಳುತ್ತದೆ. ನೋ ಅಂದರೂ ಒಬ್ಬರೇ ಆಡುವ ಭಾಗ ನಡೆಯುತ್ತದೆ, ಆನ್‌ಲೈನ್ ಭಾಗ ನಡೆಯುವುದಿಲ್ಲ. ಬಾಯಿತಪ್ಪಿ ಯೆಸ್ ಅಂದುಬಿಟ್ಟರೆ ಡೌನ್‌ಲೋಡ್ ನಡೆಯುವಾಗಲೇ ಸರ್ಕಲ್ ಒತ್ತಿ ನಿಲ್ಲಿಸಿ. ಇನ್‌ಸ್ಟಾಲ್ ಶುರುವಾದ ಮೇಲೆ ನಡುವೆ ಕೈಹಾಕಬೇಡಿ. ಮುಗಿಯಲಿ, ಮತ್ತೆ ಹಂತ 4 ಮಾಡಿ.

## ಹಂತ 6: ಸ್ಟೋರ್‌ನಿಂದ ಇಳಿಸಿದ ಗೇಮ್ ಆದರೆ

ಇಲ್ಲಿ ಗೇಮಿನ ಐಕಾನ್ ಗೇಮ್ ಕಾಲಮ್‌ನಲ್ಲೇ ನೇರವಾಗಿ ಇರುತ್ತದೆ. ಅದನ್ನೇ ಅಳಿಸಬೇಕು, ಡೌನ್‌ಲೋಡ್ ಲಿಸ್ಟ್‌ನಿಂದ ಮತ್ತೆ ಇಳಿಸಬೇಕು, ಇಳಿದ ಮೇಲೆ ನೆಟ್ ಆಫ್ ಮಾಡಿ ಶುರು ಮಾಡಬೇಕು. ಸೇವ್ ಬೇರೆ ಫೋಲ್ಡರಿನಲ್ಲಿ ಇರುವುದರಿಂದ ಉಳಿಯುತ್ತದೆ. ಆದರೂ ಕಾಪಿ ತೆಗೆದೇ ಮಾಡಿ.

ಲಿಸ್ಟ್‌ನಲ್ಲಿ ಗೇಮ್ ಇದೆಯಾ ಅಂತ ಅಳಿಸುವ *ಮುಂಚೆ* ನೋಡಿ. ಜಾಗವನ್ನೂ ಲೆಕ್ಕ ಹಾಕಿ. ಪಿಎಸ್3 ಮೊದಲು ಪೂರ್ತಿ ಪ್ಯಾಕೇಜ್ ಇಳಿಸಿಕೊಂಡು ಆಮೇಲೆ ಬಿಚ್ಚುತ್ತದೆ. 6 ಜಿಬಿ ಗೇಮಿಗೆ ಹತ್ತಿರಹತ್ತಿರ 12 ಜಿಬಿ ಖಾಲಿ ಬೇಕು. 12 ಜಿಬಿ ಮಾಡೆಲ್‌ನಲ್ಲಿ ಹಾರ್ಡ್ ಡಿಸ್ಕ್ ಸೇರಿಸದೆ ಇದು ಆಗುವ ಮಾತಲ್ಲ.

## ಹಂತ 7: ಕೆಟ್ಟ ಡೇಟಾ ಅಳಿಯದೇ ಹೋದರೆ

ಕೆಲವರ ಪಟ್ಟಿಯಲ್ಲಿ ಗೇಮಿನ ಹೆಸರಿನ ಬದಲು ಕರಪ್ಟೆಡ್ ಡೇಟಾ ಅಂತ ಇರುತ್ತದೆ. ಅರ್ಧಕ್ಕೆ ನಿಂತ ಇನ್‌ಸ್ಟಾಲ್ ಅದು. ಮೊದಲು ಮಾಮೂಲಿಯಂತೆ ಟ್ರಯಾಂಗಲ್ ಒತ್ತಿ ಡಿಲೀಟ್ ಮಾಡಿ. ಹೋಗದಿದ್ದರೆ ಸೇಫ್ ಮೋಡ್.

1. ಕನ್ಸೋಲ್ ಆಫ್ ಮಾಡಿ. ಲೈಟ್ ಕೆಂಪಗಿರಬೇಕು.
2. ಪವರ್ ಬಟನ್ ಒತ್ತಿ ಹಿಡಿಯಿರಿ. ಒಂದು ಬೀಪ್, ಇನ್ನೊಂದು ಬೀಪ್, ಆಮೇಲೆ ಕನ್ಸೋಲ್ ಆಫ್ ಆಗುತ್ತದೆ. ಕೈಬಿಡಿ.
3. ಮತ್ತೆ ಒತ್ತಿ ಹಿಡಿಯಿರಿ. ಒಂದು ಬೀಪ್, ಇನ್ನೊಂದು ಬೀಪ್, ಆಮೇಲೆ ಬೇಗಬೇಗ ಎರಡು ಬೀಪ್. ಆಗ ಕೈಬಿಡಿ.
4. ಕಂಟ್ರೋಲರನ್ನು ಕೇಬಲ್‌ನಿಂದ ಸಿಕ್ಕಿಸಿ ಪಿಎಸ್ ಬಟನ್ ಒತ್ತಿ.

ಆರು ಸಾಲಿನ ಮೆನು ಬರುತ್ತದೆ. ಮೂರನೆಯದು ರಿಸ್ಟೋರ್ ಫೈಲ್ ಸಿಸ್ಟಮ್, ನಾಲ್ಕನೆಯದು ರೀಬಿಲ್ಡ್ ಡೇಟಾಬೇಸ್. ಮೊದಲು ಮೂರು ಮಾಡಿ. ಅದರಿಂದ ಆಗದಿದ್ದರೆ ನಾಲ್ಕು. ನಾಲ್ಕನೆಯದರಲ್ಲಿ ಮೆಸೇಜು, ಪ್ಲೇಲಿಸ್ಟ್ ಥರದ ಸಣ್ಣಪುಟ್ಟವು ಹೋಗುತ್ತವೆ; ಗೇಮ್, ಸೇವ್ ಉಳಿಯುತ್ತವೆ. ಇವೆರಡೂ ಅಪ್‌ಡೇಟ್ ತೆಗೆಯುವುದಿಲ್ಲ, ಪಟ್ಟಿಯನ್ನು ರಿಪೇರಿ ಮಾಡುತ್ತವೆ ಅಷ್ಟೆ. ಆಮೇಲೆ ಹಂತ 4ಕ್ಕೆ ಹೋಗಿ ಅಳಿಸಬೇಕು.

ಐದನೆಯದು ರಿಸ್ಟೋರ್ ಪಿಎಸ್3 ಸಿಸ್ಟಮ್. ಅದನ್ನು ಮುಟ್ಟಬೇಡಿ. ಅದು ಎಲ್ಲವನ್ನೂ ಒರೆಸಿಹಾಕುತ್ತದೆ. ಮೂರನೆಯದರ ಹೆಸರೂ ರಿಸ್ಟೋರ್ ಅಂತಲೇ ಶುರುವಾಗುತ್ತದೆ, ಹಾಗಾಗಿ ಸಾಲನ್ನು ಪೂರ್ತಿ ಓದಿಯೇ ಒತ್ತಿ.

ಇಷ್ಟಾದರೂ ಬೇರೆ ಬೇರೆ ಗೇಮ್‌ಗಳ ಡೇಟಾ ಪದೇಪದೇ ಕೆಡುತ್ತಿದ್ದರೆ ತಪ್ಪು ಅಪ್‌ಡೇಟಿನದಲ್ಲ. ಹಾರ್ಡ್ ಡಿಸ್ಕ್ ಸಾಯುತ್ತಿರಬಹುದು. ಸೇವ್‌ಗಳನ್ನು ಹೊರಗೆ ತೆಗೆದಿಟ್ಟು ಹಾರ್ಡ್ ಡಿಸ್ಕ್ ಬದಲಿಸಿ. ಲ್ಯಾಪ್‌ಟಾಪ್‌ಗೆ ಹಾಕುವ ಮಾಮೂಲಿ 2.5 ಇಂಚಿನ ಸಾಟಾ ಹಾರ್ಡ್ ಡಿಸ್ಕ್ ಪಿಎಸ್3ಗೆ ನಡೆಯುತ್ತದೆ.

## ಎಕ್ಸ್‌ಬಾಕ್ಸ್ 360ರಲ್ಲಿ

ಇಲ್ಲಿ ದಾರಿ ಚಿಕ್ಕದು, ಆದರೆ ಒರಟು. ಕ್ಯಾಶ್ (ಕನ್ಸೋಲ್ ತಾತ್ಕಾಲಿಕವಾಗಿ ಇಟ್ಟುಕೊಳ್ಳುವ ಫೈಲುಗಳು) ಒರೆಸಿದರೆ *ಎಲ್ಲಾ* ಗೇಮ್‌ಗಳ ಅಪ್‌ಡೇಟೂ ಒಟ್ಟಿಗೇ ಹೋಗುತ್ತವೆ. ಸೇವ್ ಮತ್ತು ಡಿಎಲ್‌ಸಿ ಉಳಿಯುತ್ತವೆ.

1. ಎಕ್ಸ್‌ಬಾಕ್ಸ್ ಲೈವ್‌ನಿಂದ (360ರ ಆನ್‌ಲೈನ್ ಸೇವೆ) ಸೈನ್ ಔಟ್ ಆಗಿ, ನೆಟ್ ಕೇಬಲ್ ಅಥವಾ ವೈಫೈ ತೆಗೆಯಿರಿ.
2. ಕಂಟ್ರೋಲರಿನ ನಡುವಿನ ಗೈಡ್ ಬಟನ್ ಒತ್ತಿ. ಸೆಟ್ಟಿಂಗ್ಸ್, ಸಿಸ್ಟಮ್ ಸೆಟ್ಟಿಂಗ್ಸ್, ಸ್ಟೋರೇಜ್.
3. ಯಾವುದಾದರೂ ಒಂದು ಸ್ಟೋರೇಜ್ ಮೇಲೆ ನಿಂತು ವೈ ಬಟನ್ ಒತ್ತಿ. ಯಾವುದು ಅನ್ನುವುದು ಮುಖ್ಯ ಅಲ್ಲ.
4. ಕ್ಲಿಯರ್ ಸಿಸ್ಟಮ್ ಕ್ಯಾಶ್ ಆರಿಸಿ, ಯೆಸ್ ಒತ್ತಿ.

ಅಪಾಯ ಇರುವುದು ನಾಲ್ಕನೇ ಸಾಲಿನಲ್ಲಿ. ಅದೇ ಪಟ್ಟಿಯಲ್ಲಿ ಫಾರ್ಮ್ಯಾಟ್ ಅನ್ನುವ ಆಯ್ಕೆಯೂ ಇದೆ. ಹಾರ್ಡ್ ಡ್ರೈವ್ ಫಾರ್ಮ್ಯಾಟ್ ಮಾಡಲು ಹೊರಟರೆ ಕನ್ಸೋಲಿನ ಸೀರಿಯಲ್ ನಂಬರ್ ಕೇಳುತ್ತದೆ. ಕ್ಯಾಶ್ ಒರೆಸಲು ಅದನ್ನು ಕೇಳುವುದೇ ಇಲ್ಲ. ಸೀರಿಯಲ್ ನಂಬರ್ ಕೇಳಿತು ಅಂದರೆ ನೀವು ತಪ್ಪು ಜಾಗದಲ್ಲಿದ್ದೀರಿ. ಬಿ ಬಟನ್ ಒತ್ತಿ ಹಿಂದೆ ಬನ್ನಿ.

ಪೆನ್‌ಡ್ರೈವ್‌ಗೆ ಸೇವ್ ಕಾಪಿ ಮಾಡುವಾಗಲೂ ಇಂಥದ್ದೇ ಒಂದು ಗುಂಡಿ ಇದೆ. ಹೊಸ ಪೆನ್‌ಡ್ರೈವ್ ಹಾಕಿದರೆ 360 ಅದನ್ನು ಕಾನ್ಫಿಗರ್ ಮಾಡಬೇಕು ಅನ್ನುತ್ತದೆ. ಒಪ್ಪಿದರೆ ಪೆನ್‌ಡ್ರೈವ್‌ನಲ್ಲಿ ಇರುವುದೆಲ್ಲ ಅಳಿಸಿಹೋಗುತ್ತದೆ. ಮದುವೆ ಫೋಟೊ ಇರುವ ಪೆನ್‌ಡ್ರೈವ್ ಹಾಕಬೇಡಿ.

ಆಮೇಲೆ ಲೈವ್‌ಗೆ ಸೈನ್ ಇನ್ ಆಗಿ ಗೇಮ್ ಹಾಕಿದರೆ ಅಪ್‌ಡೇಟ್ ಕೇಳುತ್ತದೆ. ಬೇಡ ಅಂದರೆ ಲೈವ್‌ನಿಂದ ಸೈನ್ ಔಟ್ ಮಾಡಿ ಗೇಮ್ ತೆರೆಯುತ್ತದೆ. ಅದು ದೋಷ ಅಲ್ಲ, 360 ಇರುವುದೇ ಹಾಗೆ. 360ರ ಸ್ಟೋರ್ 2024ರ ಜುಲೈ 29ರಂದು ಮುಚ್ಚಿತು, ಹೊಸದಾಗಿ ಏನೂ ಕೊಳ್ಳಲು ಆಗುವುದಿಲ್ಲ. ಹಾಗಾಗಿ ಡಿಎಲ್‌ಸಿ ಇರುವ ಫೋಲ್ಡರಿಗೆ ಹೋಗಿ ಒಂದೊಂದಾಗಿ ಅಳಿಸುವ ಸಾಹಸ ಬೇಡ. ಕ್ಯಾಶ್ ಒರೆಸುವುದಕ್ಕೇ ನಿಲ್ಲಿಸಿ.